ಉಜ್ಜಬೇಡ ತಮ್ಮಾ

"ನಮ್ಮೂರ ಸಮುದ್ರ ನಂಗೇನು ಹೊಸತಾ?" ಅಂತ ಹೇಳಿ ಅಕ್ಕನ ಮಗಳನ್ನು ನೀರಿಗೆ ಇಳಿಸಿದವನು ನಾನೇ. ದಸರಾ ರಜೆ, ಕುಮಟಾ ಹತ್ತಿರದ ಬಾಡ ಕಡಲತೀರ, ಸಂಜೆ ಐದರ ಹೊತ್ತು. "ಸೊಂಟದ ತನಕ ಕರ್ಕೊಂಡು ಹೋಗಬೇಡ" ಅಂತ ಅಕ್ಕ ಮರಳ ಮೇಲಿಂದ ಕೂಗ್ತಾ ಇದ್ದಳು. ಸೊಂಟದ ತನಕ ಹೋಗಲೇ ಇಲ್ಲ. ಮೊಣಕಾಲುದ್ದದ ನೀರಿನಲ್ಲೇ ಪುಟ್ಟಿ ಚೀರಿದಳು.

ಎತ್ತಿ ನೋಡಿದರೆ ಎಡಗಾಲಿಗೆ ತೆಳ್ಳನೆಯ ಲೋಳೆ ದಾರದಂಥದ್ದು ಸುತ್ತಿಕೊಂಡಿದೆ. ನೋಡನೋಡುತ್ತ ಬೆತ್ತದಲ್ಲಿ ಬಾರಿಸಿದ ಹಾಗೆ ಕೆಂಪು ಬರೆ ಎದ್ದಿತು. ಆಮೇಲೆ ನಾನು ಮಾಡಿದ್ದೆಲ್ಲ ತಪ್ಪೇ. ಟವೆಲ್ಲಿನಿಂದ ಉಜ್ಜಿದೆ. ಬಾಟಲಿಯ ಕುಡಿಯುವ ನೀರು ಸುರಿದೆ. ಅವಳ ಕೂಗು ಇನ್ನೂ ಜೋರಾಯಿತು. ದೋಣಿಯ ನೆರಳಲ್ಲಿ ಬಲೆ ಬಿಡಿಸುತ್ತಿದ್ದ ಹಿರಿಯರೊಬ್ಬರು ಓಡಿಬಂದು, "ಉಜ್ಜಬೇಡ ತಮ್ಮಾ, ಉಜ್ಜಬೇಡ! ಉಪ್ಪುನೀರು ಹಾಕು" ಅಂದರು. ಅವರೇ ಸಮುದ್ರದ ನೀರು ಸುರಿದು, ಕಡ್ಡಿಯಿಂದ ಆ ದಾರಗಳನ್ನು ಮೆಲ್ಲಗೆ ಎತ್ತಿ ತೆಗೆದರು. ಮೂತ್ರ ಹೊಯ್ದರೆ ಉರಿ ಹೋಗ್ತದೆ ಅಂತ ಸಲಹೆ ಕೊಡಲು ಬಂದ ಒಬ್ಬ ಹುಡುಗ ಅಕ್ಕನ ಮುಖ ನೋಡಿ ಸುಮ್ಮನಾದ. ಒಳ್ಳೆಯದೇ ಆಯಿತು, ಅದರಿಂದ ಏನೂ ಉಪಯೋಗವಿಲ್ಲ.

ಡಾಕ್ಟರು ಮೊದಲು ಕಾಲು ನೋಡಲಿಲ್ಲ, ಉಸಿರಾಟ ನೋಡಿದರು. ಮುಖ ಊದಿದೆಯಾ, ಎದೆ ಬಿಗಿತಿದೆಯಾ, ವಾಂತಿ ಬರ್ತಿದೆಯಾ? ಇವುಗಳಲ್ಲಿ ಯಾವುದಿದ್ದರೂ ಒಂದು ನಿಮಿಷವೂ ಕಾಯಬಾರದಂತೆ. ಇವಳಿಗೆ ಯಾವುದೂ ಇರಲಿಲ್ಲ. ತಡೆದುಕೊಳ್ಳುವಷ್ಟು ಬಿಸಿನೀರಲ್ಲಿ, ಅಂದರೆ ಸುಮಾರು 45 ಡಿಗ್ರಿ, 20 ನಿಮಿಷ ಕಾಲಿಡಿಸಿದರು. ಅಳು ಬಿಕ್ಕಳಿಕೆಗೆ ಇಳಿಯಿತು. ಅಕ್ಕ ಮಾತ್ರ ನನ್ನ ಕಡೆ ತಿರುಗಲಿಲ್ಲ.

ರಾತ್ರಿ ನಿದ್ದೆ ಬರದೆ ಫೋನ್ ಹಿಡಿದು ಓದಿದೆ. ಜೆಲ್ಲಿ ಫಿಶ್, ನಮ್ಮ ಪುಸ್ತಕಗಳ ಅಂಬಲಿ ಮೀನು, ಮೀನೇ ಅಲ್ಲ. ಮೂಳೆ, ಹೃದಯ, ಮಿದುಳು ಒಂದೂ ಇಲ್ಲ. ಮೈಯೆಲ್ಲ ಹೆಚ್ಚುಕಡಿಮೆ ನೀರು. ಆದರೆ ಅದರ ಎಳೆಗಳ ತುಂಬ ಸೂಕ್ಷ್ಮ ಕೋಶಗಳಿವೆ, ಪ್ರತಿಯೊಂದರಲ್ಲೂ ಸುರುಳಿ ಸುತ್ತಿದ ಒಂದು ವಿಷದ ಕೊಳವೆ. ತಾಗಿದ ಕೂಡಲೇ ಅದು ಸಿಡಿದು ಚರ್ಮಕ್ಕೆ ಚುಚ್ಚುತ್ತದೆ. ಉಜ್ಜಿದರೆ, ಸಿಹಿನೀರು ಸುರಿದರೆ, ಇನ್ನೂ ಸಿಡಿಯದೆ ಉಳಿದವೂ ಸಿಡಿಯಬಹುದು. ನಾನು ಮಾಡಿದ್ದು ಸರಿಯಾಗಿ ಅದನ್ನೇ. ಸತ್ತು ದಡಕ್ಕೆ ಬಿದ್ದ ಜೆಲ್ಲಿ ಫಿಶ್ ಕೂಡ ಕುಟುಕಬಲ್ಲದು, ಅದಕ್ಕೇ ಮಕ್ಕಳ ಕೈಗೆ ಸಿಗಬಾರದು.

ಮಳೆಗಾಲದಲ್ಲಿ ಮುಂಬೈ, ಗೋವಾ ಕಡೆ ದಡಕ್ಕೆ ಬರುವ ನೀಲಿ ಬಲೂನಿನಂಥ ಬ್ಲೂಬಾಟಲ್ ಅಂತೂ ಜೆಲ್ಲಿ ಫಿಶ್ಶೂ ಅಲ್ಲ, ಸಣ್ಣ ಸಣ್ಣ ಜೀವಿಗಳ ಒಂದು ಕೂಡು ಸಂಸಾರ! ಅದು ಕುಟುಕಿದರೆ ವಿನೆಗರ್ ಬೇಡ ಅಂತಾರೆ ಆಸ್ಟ್ರೇಲಿಯಾದವರು. ಅಲ್ಲಿನ ಉತ್ತರ ಕರಾವಳಿಯ ಬಾಕ್ಸ್ ಜೆಲ್ಲಿ ಫಿಶ್ ಆದರೆ ವಿನೆಗರ್ ಬೇಕೇ ಬೇಕು. ಅದರ ವಿಷ ಕೆಲವೇ ನಿಮಿಷಗಳಲ್ಲಿ ಜೀವ ತೆಗೆಯಬಲ್ಲದು. 1913ರಲ್ಲಿ ನೊಬೆಲ್ ಪಡೆದ ಶಾರ್ಲ್ ರಿಶೆ ಅಲರ್ಜಿಯ ಮಾರಕ ರೂಪವನ್ನು ಕಂಡುಕೊಂಡ ದಾರಿ ಶುರುವಾದದ್ದೂ ಈ ಬ್ಲೂಬಾಟಲ್‌ನ ಬಂಧುವೊಂದರ ವಿಷದಿಂದ. ಅದನ್ನು ಓದಿದ ಮೇಲೆ ಎದ್ದು ಹೋಗಿ ಪುಟ್ಟಿಯ ಉಸಿರಾಟ ಎರಡು ಸಲ ನೋಡಿಬಂದೆ.

ಎರಡನೇ ಸಲ ಅಕ್ಕ ಎಚ್ಚರವಿದ್ದಳು. ಇಬ್ಬರೂ ಮಾತಾಡಲಿಲ್ಲ.

ಬೆಳಿಗ್ಗೆ ದೋಸೆ ತಿನ್ನುತ್ತಾ ಪುಟ್ಟಿಗೆ ಇದನ್ನೆಲ್ಲ ಹೇಳಿದೆ. ಮಿದುಳಿಲ್ಲ ಅನ್ನೋದು ಅವಳಿಗೆ ಬಹಳ ಹಿಡಿಸಿತು.

"ಹಂಗಾರೆ ಅದಕ್ಕೆ ಬೈದ್ರೂ ಉಪಯೋಗ ಇಲ್ಲ, ಅಲ್ದಾ ಮಾವ?"

"ಇಲ್ಲ."

"ನಿಂಗೆ ಬೈದ್ರೆ?"

ಒಲೆಯ ಹತ್ತಿರ ನಿಂತಿದ್ದ ಅಕ್ಕ ತಿರುಗಿ ನೋಡಿದಳು. "ತಪ್ಪಾಯ್ತು ಅಕ್ಕಾ" ಅಂದೆ. ಅವಳು ಏನೂ ಹೇಳದೆ ನನ್ನ ತಟ್ಟೆಗೆ ಇನ್ನೊಂದು ದೋಸೆ ಹಾಕಿದಳು.

ಡಿಸೆಂಬರಿನಲ್ಲಿ ಮತ್ತೆ ಹೋದೆವು. ಪುಟ್ಟಿ ಒದ್ದೆ ಮರಳಿನ ಅಂಚಿನವರೆಗೆ ಬಂದು ನಿಂತಳು. ನಾನು ಕರೆಯಲಿಲ್ಲ.