ರೆಕ್ಕೆಯ ಒಳಬದಿ

ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಮನೆಗೆ ಬಂದು, “ಸಾರ್, ಮಾರುತ್ ವಿಮಾನದ ಮೇಲೆ ಸಾಕ್ಷ್ಯಚಿತ್ರ ತೆಗೀತಿದೀನಿ. ಮಾತು ನೀವೇ ಬರೆದುಕೊಡಬೇಕು” ಎಂದ. ಕನ್ನಡ ಮೇಷ್ಟರಿಗೂ ವಿಮಾನಕ್ಕೂ ಏನು ನಂಟು ಎಂದು ಮನೆಯವರು ಕೇಳುವ ಮೊದಲೇ ಒಪ್ಪಿಕೊಂಡುಬಿಟ್ಟೆ. ಹೆಸರಾದರೂ ನಮ್ಮ ಕಾವ್ಯಗಳಿಗೆ ಪರಿಚಿತವಾದದ್ದೇ ಅಲ್ಲವೆ?

ವಿಷಯವೇನೂ ಸಣ್ಣದಲ್ಲ. ಜರ್ಮನಿಯ ಕುರ್ಟ್ ಟ್ಯಾಂಕ್ ಬೆಂಗಳೂರಿಗೆ ಬಂದು, ಇಲ್ಲಿಯ ಹಿಂದೂಸ್ತಾನ್ ಏರ್‌ಕ್ರಾಫ್ಟಿನ ಎಂಜಿನಿಯರುಗಳೊಡನೆ ರೂಪಿಸಿದ ಯುದ್ಧವಿಮಾನ ಅದು. 1961ರ ಜೂನ್ 17ರಂದು ಮೊದಲ ಸಲ ಹಾರಿತು. ಒಟ್ಟು 147 ವಿಮಾನಗಳು ಸಿದ್ಧವಾದವು. 1971ರ ಯುದ್ಧದಲ್ಲಿ ಕಾದಿದವು. ಶಬ್ದದ ವೇಗವನ್ನು ಬಹುವಾಗಿ ಮೀರಬೇಕೆಂಬುದು ಮೊದಲ ಆಸೆ. ಅದಕ್ಕೆ ತಕ್ಕ ಎಂಜಿನ್ನು ಮಾತ್ರ ಕೊನೆಗೂ ಒದಗಲಿಲ್ಲ. ನಾನು ಹದಿನಾಲ್ಕು ಪುಟ ಬರೆದೆ. ‘ಗಗನವಿಹಾರಿ’, ‘ವಾಯುಪುತ್ರ’ ಯಾವುದನ್ನೂ ಬಿಡಲಿಲ್ಲ.

ನಮ್ಮ ಚಿಕ್ಕಪ್ಪನವರು ಆ ವಿಮಾನ ಕಟ್ಟುವ ಕೆಲಸದಲ್ಲಿದ್ದವರು. ಕಸ್ತೂರಬಾ ರಸ್ತೆಯ ವಿಶ್ವೇಶ್ವರಯ್ಯ ವಸ್ತುಸಂಗ್ರಹಾಲಯದ ಅಂಗಳದಲ್ಲಿ ಒಂದು ಮಾರುತ್ ನಿಂತಿದೆ. ಅವರನ್ನು ಅಲ್ಲಿಗೆ ಕರೆದೊಯ್ದೆವು. ಹುಡುಗ ಕ್ಯಾಮರಾ ಹೂಡಿ ಪ್ರಶ್ನೆ ಕೇಳಿದ. ಚಿಕ್ಕಪ್ಪ ಉತ್ತರಿಸದೆ, ರಿವೆಟ್ಟುಗಳ ಸಾಲಿನ ಮೇಲೆ ಜಪಮಣಿ ಎಣಿಸುವವರಂತೆ ಬೆರಳಾಡಿಸಿದರು.

“ಒಂದು ರಿವೆಟ್ಟಿಗೆ ಇಬ್ಬರು ಬೇಕು ಕಣಪ್ಪಾ. ಒಬ್ಬ ಹೊರಗಿನಿಂದ ಗನ್ನು ಹಿಡಿದು ಹೊಡೀತಾನೆ. ಇನ್ನೊಬ್ಬ ಒಳಗಿನಿಂದ ಕಬ್ಬಿಣದ ಗಟ್ಟಿ ಒತ್ತಿ ಹಿಡೀಬೇಕು. ಒಬ್ಬರ ಮುಖ ಒಬ್ಬರಿಗೆ ಕಾಣೋದಿಲ್ಲ. ತಗಡು ತಟ್ಟಿದರೇ ಮಾತು. ಒಂದು ತಟ್ಟಿದರೆ ಇನ್ನಷ್ಟು ಹೊಡಿ. ಎರಡು ತಟ್ಟಿದರೆ ಸರಿಯಾಗಿ ಕೂತಿತು. ಮೂರು ತಟ್ಟಿದರೆ ಕೆಟ್ಟಿತು, ಕಿತ್ತುಹಾಕು. ನಾನು ಆಗ ಸಣಕಲ. ಯಾವಾಗಲೂ ಒಳಗೇ.”

“ಹೊರಗೆ ಯಾರಿರ್ತಿದ್ರು ಸಾರ್?”

ಹೆಸರು ಹೇಳಲು ಬಾಯಿ ತೆರೆದರು. ಬರಲಿಲ್ಲ. ಏಳು ವರ್ಷ ಜೊತೆಗೆ ದುಡಿದವನ ಹೆಸರು! ಚಿಕ್ಕಪ್ಪನ ಕಣ್ಣು ತುಂಬಿತು. ಕೊನೆಗೆ ತಗಡಿನ ಮೇಲೆ ಮೆಲ್ಲಗೆ ಎರಡು ಸಲ ತಟ್ಟಿ, ಕೈ ಹಿಂದಕ್ಕೆಳೆದುಕೊಂಡರು.

ನನ್ನ ಹದಿನಾಲ್ಕು ಪುಟಗಳಲ್ಲಿ ಇಸವಿಗಳು ಮಾತ್ರ ಉಳಿದವು. ‘ವಾಯುಪುತ್ರ’ನನ್ನು ನಾನೇ ಹೊಡೆದುಹಾಕಿದೆ. ಚಿಕ್ಕಪ್ಪ ತಟ್ಟುವ ಕಡೆ ಚಿತ್ರದಲ್ಲಿ ಮಾತೇ ಇಲ್ಲ.

ಮರುದಿನ ಬೆಳಗಿನ ಜಾವ ಐದಕ್ಕೆ ಚಿಕ್ಕಪ್ಪನ ಫೋನು ಬಂತು: “ನೆನಪಾಯಿತು ಕಣೋ, ಬರಕೋ!” ಬರೆದುಕೊಂಡೆ. ಹುಡುಗ ಆ ಹೆಸರನ್ನು ಚಿತ್ರದ ಕೊನೆಯಲ್ಲಿ, ಟ್ಯಾಂಕರ ಹೆಸರಿನ ಪಕ್ಕದಲ್ಲೇ ಹಾಕಿದ್ದಾನೆ.