ಜಮೀನು ಯಾರಿಗೆ ಹೋಯ್ತು?

ಪತ್ತೇದಾರಿ ಸಿನಿಮಾ ಅಂದ್ರೆ ಕೋಟು, ಟೋಪಿ, ಭೂತಗನ್ನಡಿ ಅಂದ್ಕೊಂಡಿರೋರು 2011ರ ಕೊರಿಯನ್ ಸಿನಿಮಾ 'ಡಿಟೆಕ್ಟಿವ್ ಕೆ: ಸೀಕ್ರೆಟ್ ಆಫ್ ದ ವರ್ಚುಯಸ್ ವಿಡೋ' ಒಮ್ಮೆ ನೋಡಿ. ಕಥೆ ನಡೆಯೋದು 18ನೇ ಶತಮಾನದ ಕೊನೆಯಲ್ಲಿ, ರಾಜ ಜೊಂಗ್ಜೊ ಆಳ್ತಿದ್ದ ಕಾಲದಲ್ಲಿ. ಕಿಮ್ ಮ್ಯುಂಗ್-ಮಿನ್ ಪತ್ತೇದಾರ, ನಾಯಿ ಮಾರೋ ಓ ದಲ್-ಸು ಅವನ ಜೊತೆಗಾರ. ಇಬ್ರೂ ಕೊಲೆಗಾರನನ್ನ ಹುಡುಕೋದಕ್ಕಿಂತ ಓಡಿ ತಪ್ಪಿಸ್ಕೊಳ್ಳೋದೇ ಜಾಸ್ತಿ!

ಸಂಕ್ರಾಂತಿಗೆ ಬಾಗೂರಿಗೆ ಹೋದಾಗ ನಾವು ಮೂರು ಜನ ಮೊಮ್ಮಕ್ಕಳು ಇದನ್ನ ಡಿವಿಡಿಯಲ್ಲಿ ನೋಡಿದ್ವಿ. ಸಬ್‌ಟೈಟಲ್ ಇಂಗ್ಲಿಷಲ್ಲಿತ್ತು. ಪಕ್ಕದಲ್ಲೇ ಅವರೆಕಾಯಿ ಬಿಡಿಸ್ತಾ ಕೂತಿದ್ದ ಅಜ್ಜಿಗೆ ನಾವೇ ಸರದಿ ಮೇಲೆ ಕನ್ನಡದಲ್ಲಿ ಹೇಳ್ತಿದ್ವಿ. ನಗೋ ಸೀನ್‌ಗಳಿಗೆ ಅದೂ ಬೇಕಾಗ್ಲಿಲ್ಲ. ಆದ್ರೆ 'ವರ್ಚುಯಸ್ ವಿಡೋ' ಅನ್ನೋದನ್ನ ಹೇಳೋಕೆ ಮಾತ್ರ ತಡವರಿಸಿದ್ವಿ.

ಗಂಡ ಸತ್ತ ಮೇಲೆ ತಾನೂ ಪ್ರಾಣ ಬಿಟ್ಟ ಹೆಂಗಸನ್ನ ಆ ಕಾಲದ ಕೊರಿಯಾದಲ್ಲಿ ಸರ್ಕಾರವೇ ಗೌರವಿಸ್ತಿತ್ತು. ಅವಳ ಹೆಸರಲ್ಲಿ ಸ್ಮಾರಕ ದ್ವಾರ, ಮನೆಯವರಿಗೆ ತೆರಿಗೆ ಮತ್ತು ಬಿಟ್ಟಿ ದುಡಿಮೆಯಿಂದ ವಿನಾಯ್ತಿ. ಸಿನಿಮಾದಲ್ಲಿ ಅಂಥದ್ದೇ ಒಂದು ಸಾವನ್ನ ವಿಚಾರಿಸೋಕೆ ಪತ್ತೇದಾರ ಹೋಗ್ತಾನೆ. "ನಮ್ ಕಡೆ ಮಾಸ್ತಿಕಲ್ಲು ಇಲ್ವಾ ಅಜ್ಜಿ, ಹಂಗೇ" ಅಂದ್ವಿ.

ಅಜ್ಜಿ ಕಾಯಿ ಬಿಡಿಸೋದು ನಿಲ್ಲಿಸದೇ ಕೇಳ್ತು: "ಅವ್ಳ್ ಪಾಲಿನ್ ಜಮೀನು ಯಾರ್ಗ್ ಹೋಯ್ತ್ಲಾ?"

ಸಿನಿಮಾ ಇನ್ನೂ ಅರ್ಧವೂ ಆಗಿರ್ಲಿಲ್ಲ. ಅಜ್ಜಿ ಆಗ್ಲೇ ತನಿಖೆ ಶುರು ಮಾಡಿತ್ತು!

ಮಾಸ್ತಿಕಲ್ಲನ್ನ ನೀವೂ ನೋಡಿರ್ತೀರಾ. ಮೊಣಕೈ ಮಡಿಸಿ ಮೇಲೆತ್ತಿದ ಒಂದು ಕೈ, ಅದರ ತುಂಬ ಬಳೆ. ಹೆಗ್ಗಡದೇವನಕೋಟೆ ಕಡೆಯ ಬೆಳತೂರಿನಲ್ಲಿ 1057ರ ಶಾಸನ ಒಂದಿದೆ. ತಂದೆತಾಯಿ ಬೇಡ ಅಂತ ತಡೆದ್ರೂ ಕೇಳದೆ ದೇಕಬ್ಬೆ ಬೆಂಕಿ ಹೊಕ್ಕಳು ಅಂತ ಅದು ಹೇಳುತ್ತೆ. ನಿಜವೇ ಇರಬಹುದು. ಆದ್ರೆ ಹಾಗೆ ಹೇಳ್ತಿರೋದು ಶಾಸನ, ದೇಕಬ್ಬೆ ಅಲ್ಲ. ಕಲ್ಲು ನಿಲ್ಲಿಸೋರು, ಬರೆಸೋರು ಯಾವಾಗ್ಲೂ ಉಳಿದೋರೇ. ಮಾಸ್ತಿಕಲ್ಲಿನ ಮುಂದೆ ಕೈಮುಗಿಯೋದು ಗೊತ್ತಿದ್ದ ನಮಗೆ ಅದನ್ನ ಪ್ರಶ್ನೆ ಕೇಳಬಹುದು ಅನ್ನೋದು ಹೊಳೆದೇ ಇರ್ಲಿಲ್ಲ.

ಅಜ್ಜಿಗೆ ಹೊಳೆಯೋಕೆ ಕಾರಣ ಇದೆ. ತಾತ ಹೋದಾಗ ಅದಕ್ಕೆ 31 ವರ್ಷ. ಎರಡು ಹಸು ಕಟ್ಕೊಂಡು, ಡೈರಿಗೆ ಹಾಲು ಹಾಕಿ ನಮ್ಮ ಅಪ್ಪಂದಿರನ್ನ ಓದಿಸ್ತು. "ಒಂಟಿ ಹೆಂಗ್ಸು, ನಿಂಗ್ಯಾಕೆ ಜಮೀನು, ಬರ್ಕೊಟ್ಬಿಡು" ಅಂತ ಮನೆ ಬಾಗಿಲಿಗೆ ಬಂದೋರ ಹೆಸರೆಲ್ಲ ಅದಕ್ಕೆ ಇವತ್ತಿಗೂ ಬಾಯಿಪಾಠ.

ಹೀಗೆ ಸಾಯದೆ ಉಳಿದು ಮನೆ ನಡೆಸಿದ ನಮ್ಮಜ್ಜಿಗೆ ಯಾರೂ ಕಲ್ಲು ನೆಡಿಸಿಲ್ಲ, ದ್ವಾರ ಕಟ್ಟಿಸಿಲ್ಲ. ನಮ್ಮಜ್ಜಿಗೆ ಅದು ಬೇಕಾಗಿಯೂ ಇಲ್ಲ. ಪಹಣಿಯಲ್ಲಿ ಅದರ ಹೆಸರಿದೆ.