ಬ್ಲಾರ್ನಿ ಕಲ್ಲಿನಾಚೆಯ ಕಾರ್ಕ್

ಐರ್ಲೆಂಡ್ ಗಣರಾಜ್ಯದಲ್ಲಿ ಡಬ್ಲಿನ್ ಬಿಟ್ಟರೆ ದೊಡ್ಡ ನಗರ ಕಾರ್ಕ್. ದ್ವೀಪದ ದಕ್ಷಿಣ ಭಾಗದಲ್ಲಿ, ಲೀ ನದಿ ಸಮುದ್ರ ಸೇರುವ ಕಡೆ ಹಬ್ಬಿಕೊಂಡಿರುವ ಈ ಊರಿನ ಹೆಸರೆತ್ತಿದರೆ ಸಾಕು, ಪ್ರವಾಸಿ ಕೈಪಿಡಿಗಳು ಊರ ಹೊರಗಿನ ಎರಡು ಸ್ಥಳಗಳತ್ತ ಬೆರಳು ತೋರಿಸುತ್ತವೆ. ಒಂದು, ಕೆಲವೇ ಮೈಲಿ ದೂರದ ಬ್ಲಾರ್ನಿ ಕೋಟೆ. ಅದರ ತುದಿಗೆ ಹತ್ತಿ, ಅಂಗಾತ ಮಲಗಿ, ತಲೆಯನ್ನು ಹಿಂದಕ್ಕೆ ಇಳಿಬಿಟ್ಟು ಗೋಡೆಯಲ್ಲಿರುವ ಒಂದು ಕಲ್ಲಿಗೆ ಮುತ್ತಿಟ್ಟರೆ ಮಾತಿನ ಚಾತುರ್ಯ ಒಲಿಯುತ್ತದೆಂಬ ನಂಬಿಕೆ ಇದೆ. ಇನ್ನೊಂದು, ಕೋವ್ ಬಂದರು. 1912ರ ಏಪ್ರಿಲ್‌ನಲ್ಲಿ ಟೈಟಾನಿಕ್ ಹಡಗು ಕೊನೆಯದಾಗಿ ಲಂಗರು ಹಾಕಿದ್ದು ಇಲ್ಲಿ. ಇವೆರಡನ್ನು ಮುಗಿಸಿಕೊಂಡು ರೈಲು ಹತ್ತುವವರಿಗೆ ನಡುವೆ ಇರುವ ಕಾರ್ಕ್ ನಗರ ಬರಿಯ ಬಸ್ ನಿಲ್ದಾಣವಾಗಿಬಿಡುತ್ತದೆ. ಇಂದು ಮನೆಮನೆಯಲ್ಲಿರುವ ಕಂಪ್ಯೂಟರಿನ ಗಣಿತ ರೂಪುಗೊಂಡ ಮನೆ ಈ ಊರಿನ ನದಿದಂಡೆಯಲ್ಲಿದೆ. ಅದರ ಮುಂದೆ ಮಾತ್ರ ಯಾರ ಸಾಲೂ ಇರುವುದಿಲ್ಲ.

ಐರಿಷ್ ಭಾಷೆಯಲ್ಲಿ 'ಕೊರ್ಕಾಹ್' ಎಂದರೆ ಜೌಗು ನೆಲ. ಸಂತ ಫಿನ್‌ಬಾರ್ ಇಲ್ಲಿ ಮಠ ಕಟ್ಟಿದನೆಂದು ಪ್ರತೀತಿ. ಲೀ ನದಿ ನಗರವನ್ನು ಹೊಗುವಾಗ ಎರಡು ಕವಲಾಗಿ, ಹೊರಬೀಳುವಾಗ ಮತ್ತೆ ಒಂದಾಗುತ್ತದೆ. ಇವೆರಡರ ನಡುವಿನ ನಡುಗಡ್ಡೆಯೇ ನಗರದ ಹೃದಯಭಾಗ. ಹಿಂದೆ ಇಲ್ಲಿ ಇನ್ನೂ ಹಲವು ಕಾಲುವೆಗಳಿದ್ದವು, ಹಡಗುಗಳು ವರ್ತಕರ ಮನೆಬಾಗಿಲಿಗೇ ಬರುತ್ತಿದ್ದವು. ಹೆಚ್ಚಾಗಿ ಹದಿನೆಂಟನೆಯ ಶತಮಾನದಲ್ಲಿ ಅವುಗಳನ್ನು ಮುಚ್ಚಿ ಬೀದಿ ಮಾಡಲಾಯಿತು. ಸೇಂಟ್ ಪ್ಯಾಟ್ರಿಕ್ಸ್ ಸ್ಟ್ರೀಟ್ ಎಂಬ ದೊಡ್ಡ ಅಂಗಡಿಬೀದಿ ನೇರವಾಗಿರದೆ ಬಾಗಿರುವುದು ಅಡಿಯಲ್ಲಿದ್ದ ನೀರಿನ ಹಾದಿಯನ್ನೇ ಹಿಡಿದು ಬಂದಿರುವುದರಿಂದ. ಸೌತ್ ಮಾಲ್ ಬೀದಿಯ ಕೆಲವು ಹಳೆಯ ಮನೆಗಳನ್ನು ಗಮನಿಸಬೇಕು. ಮುಂಬಾಗಿಲಿಗೆ ಎತ್ತರದ ಮೆಟ್ಟಿಲುಗಳಿವೆ. ಅದರ ಕೆಳಗೆ, ರಸ್ತೆಯ ಮಟ್ಟದಲ್ಲಿ, ಇನ್ನೊಂದು ಬಾಗಿಲಿದೆ. ಅದು ದೋಣಿಯಿಂದ ಸರಕು ಇಳಿಸಿಕೊಳ್ಳುತ್ತಿದ್ದ ಬಾಗಿಲು. ಇದಕ್ಕೆ ಟಿಕೆಟ್ ಇಲ್ಲ, ಫಲಕವನ್ನೂ ಹುಡುಕಬೇಕಾಗಿಲ್ಲ. ತಲೆ ತಗ್ಗಿಸಿ ನೋಡಿದರೆ ಆಯಿತು.

ನದಿಯ ಉತ್ತರಕ್ಕೆ ಏರುದಾರಿಯಲ್ಲಿ ಶ್ಯಾಂಡನ್ ಬಡಾವಣೆ. ಇಲ್ಲಿನ ಸೇಂಟ್ ಆನ್ಸ್ ಚರ್ಚು 1722ರದು. ಗೋಪುರದ ಎರಡು ಮುಖ ಕೆಂಪು ಮರಳುಗಲ್ಲಿನವು, ಇನ್ನೆರಡು ಬಿಳಿಯ ಸುಣ್ಣಕಲ್ಲಿನವು. ತುದಿಯಲ್ಲಿ ಗಾಳಿಯ ದಿಕ್ಕು ತೋರುವ ದೊಡ್ಡ ಸಾಲ್ಮನ್ ಮೀನಿದೆ. ನಾಲ್ಕು ಕಡೆಯ ಗಡಿಯಾರಗಳು ನಾಲ್ಕು ಬಗೆಯ ಹೊತ್ತು ತೋರಿಸುತ್ತಿದ್ದುದರಿಂದ ಊರವರು ಇದಕ್ಕೆ 'ನಾಲ್ಕು ಮುಖದ ಸುಳ್ಳುಗಾರ' ಎಂದು ಹೆಸರಿಟ್ಟಿದ್ದಾರೆ. ದೊಡ್ಡ ಮುಳ್ಳುಗಳನ್ನು ಗಾಳಿ ತಳ್ಳುವುದೇ ಕಾರಣವೆಂದು ಹೇಳುತ್ತಾರೆ. ಪ್ರವಾಸಿಗರು ಇಲ್ಲಿಗೆ ಬರುತ್ತಾರೆ, ಹಗ್ಗ ಜಗ್ಗಿ ಗಂಟೆ ಬಾರಿಸಿ ಸಂತೋಷಪಡುತ್ತಾರೆ. ಆದರೆ ಅಲ್ಲೇ ಕೂಗಳತೆಯಲ್ಲಿರುವ ಬೆಣ್ಣೆಯ ಮ್ಯೂಸಿಯಮ್ಮಿಗೆ ಹೋಗುವವರು ಕಡಿಮೆ.

ಬೆಣ್ಣೆಗೊಂದು ಮ್ಯೂಸಿಯಮ್ಮೇ ಎಂದು ನಗುವಂತಿಲ್ಲ. 1770ರ ಸುಮಾರಿಗೆ ವ್ಯವಸ್ಥಿತ ರೂಪ ಪಡೆದ ಕಾರ್ಕಿನ ಬೆಣ್ಣೆ ಮಾರುಕಟ್ಟೆ ಹತ್ತೊಂಬತ್ತನೆಯ ಶತಮಾನದಲ್ಲಿ ಜಗತ್ತಿನಲ್ಲೇ ದೊಡ್ಡದೆನಿಸಿಕೊಂಡಿತ್ತು. ಕೆರ್ರಿ ಸೀಮೆಯ ರೈತರು 'ಬೆಣ್ಣೆ ರಸ್ತೆ'ಗಳಲ್ಲಿ ಕುದುರೆಗಳ ಮೇಲೆ ಹೇರಿ ತಂದ ಬೆಣ್ಣೆಯನ್ನು 'ಫರ್ಕಿನ್' ಎಂಬ ಮರದ ಪೀಪಾಯಿಗಳಲ್ಲಿ ತುಂಬಲಾಗುತ್ತಿತ್ತು. ಪರೀಕ್ಷಕರು ಕೊರೆಯುವ ಸಲಾಕಿಯನ್ನು ಪೀಪಾಯಿಯ ಆಳಕ್ಕೆ ಚುಚ್ಚಿ, ಹೊರತೆಗೆದು, ನೋಡಿ, ಮೂಸಿ ದರ್ಜೆ ಕಟ್ಟುತ್ತಿದ್ದರು. ಮೇಲೆ ಒಳ್ಳೆಯದು, ಅಡಿಯಲ್ಲಿ ಕೆಟ್ಟದ್ದು ತುಂಬುವ ಜಾಣತನ ಇದರಿಂದ ನಡೆಯುತ್ತಿರಲಿಲ್ಲ. ಹೇರಳವಾಗಿ ಉಪ್ಪು ಬೆರೆಸಿದ ಈ ಬೆಣ್ಣೆ ತಿಂಗಳುಗಟ್ಟಲೆ ಹಡಗಿನಲ್ಲಿ ಪಯಣಿಸಿ ವೆಸ್ಟ್ ಇಂಡೀಸಿನ ಬಿಸಿಲಿಗೂ ತಾಳಿಕೊಳ್ಳುತ್ತಿತ್ತು. ಆಲೂಗೆಡ್ಡೆ ಬೆಳೆ ಕೊಳೆತು 1845ರಿಂದ ಲಕ್ಷಾಂತರ ಜನ ಹಸಿವಿನಿಂದ ಸತ್ತ ಮಹಾಕ್ಷಾಮದ ಕಾಲದಲ್ಲೂ ಐರ್ಲೆಂಡಿನ ಬೆಣ್ಣೆ ಹೊರದೇಶಕ್ಕೆ ಹೋಗುವುದು ನಿಲ್ಲಲಿಲ್ಲ. ಮ್ಯೂಸಿಯಮ್ಮಿನ ಪೀಪಾಯಿಗಳ ಮುಂದೆ ನಿಂತವರು ಇದನ್ನೂ ನೆನೆಯುವುದು ಒಳ್ಳೆಯದು. ಕೊನೆಗೆ ಹೊರದೇಶಗಳ ಪೈಪೋಟಿ ಮಾರುಕಟ್ಟೆಯ ಉಸಿರು ತೆಗೆಯಿತು. 1924ರಲ್ಲಿ ಅದು ಬಾಗಿಲು ಹಾಕಿತು. ಪೀಪಾಯಿಗಳನ್ನು ತೂಗುತ್ತಿದ್ದ ದುಂಡನೆಯ ಕಟ್ಟಡ, ಫರ್ಕಿನ್ ಕ್ರೇನ್, ನಂತರ ನೃತ್ಯಕೇಂದ್ರವಾಯಿತು.

ಮ್ಯೂಸಿಯಮ್ಮಿನಲ್ಲಿರುವ ಅತಿ ಕುತೂಹಲದ ವಸ್ತು, ಜೌಗಿನಲ್ಲಿ ಸಿಕ್ಕಿದ ಸುಮಾರು ಸಾವಿರ ವರ್ಷ ಹಿಂದಿನ ಬೆಣ್ಣೆಯ ಮರದ ಪಾತ್ರೆ. ಹಿಂದಿನ ಐರಿಷ್ ಜನ ಬೆಣ್ಣೆಯನ್ನು ಜೌಗಿನಲ್ಲಿ ಹೂಳುತ್ತಿದ್ದರು. ಪಾಚಿ ಕೊಳೆತು ಆದ ಆ ನೆಲ ತಣ್ಣಗೆ, ಆಮ್ಲೀಯವಾಗಿ ಇರುತ್ತದೆ. ಆಮ್ಲಜನಕ ಒಳಗೆ ಸುಳಿಯುವುದಿಲ್ಲ. ಕೊಳೆಸುವ ಸೂಕ್ಷ್ಮಜೀವಿಗಳಿಗೆ ಅಲ್ಲಿ ಬದುಕು ಕಷ್ಟ. ವಿದ್ಯುತ್ತಿಲ್ಲದ ಫ್ರಿಜ್ ಎಂದರೂ ಸಲ್ಲುತ್ತದೆ.

ನದಿಯ ದಕ್ಷಿಣ ದಂಡೆಗೆ ದಾಟಿದರೆ ಯುದ್ಧದ ಗುರುತುಗಳು. ಬ್ಯಾರಕ್ ಸ್ಟ್ರೀಟಿನ ಬದಿಯ ಎಲಿಜಬೆತ್ ಕೋಟೆಯನ್ನು 1601ರಲ್ಲಿ ಇಂಗ್ಲಿಷರು ಕಟ್ಟಿದ್ದು ಹೊರಗಿನ ಶತ್ರುವಿಗಿಂತ ಊರವರ ಮೇಲೆಯೇ ಕಣ್ಣಿಡುವುದಕ್ಕಾಗಿ. ಮುಂದೆ ಅದು ಸೆರೆಮನೆಯಾಯಿತು, ಆಸ್ಟ್ರೇಲಿಯಾಕ್ಕೆ ಗಡೀಪಾರಾಗುವ ಹೆಂಗಸರನ್ನು ಇರಿಸುವ ಜಾಗವಾಯಿತು, ಕ್ಷಾಮದಲ್ಲಿ ಆಹಾರದ ಉಗ್ರಾಣವಾಯಿತು. 2013ರವರೆಗೆ ಪೊಲೀಸ್ ಠಾಣೆಯೂ ಇಲ್ಲಿತ್ತು. ಈಗ ಗೋಡೆಯ ಮೇಲೆ ನಡೆದಾಡುತ್ತ ಊರನ್ನು ನೋಡಬಹುದು. ಸಮೀಪದ ಸೇಂಟ್ ಫಿನ್ ಬಾರ್ಸ್ ಕ್ಯಾಥೆಡ್ರಲ್ಲಿನ ಒಳಗೆ 1690ರ ಮುತ್ತಿಗೆಯ ಫಿರಂಗಿ ಗುಂಡೊಂದನ್ನು ಸರಪಳಿಯಲ್ಲಿ ತೂಗುಬಿಟ್ಟಿದ್ದಾರೆ. ಪೂರ್ವಕ್ಕಿರುವ ರೆಡ್ ಅಬಿ ಎಂಬ ಹಳೆಯ ಮಠದಲ್ಲಿ ಉಳಿದಿರುವುದು ಒಂದು ಗೋಪುರ ಮಾತ್ರ. ಅದೇ ಮುತ್ತಿಗೆಯಲ್ಲಿ ಈ ಗೋಪುರದ ಮೇಲೂ ಫಿರಂಗಿ ಏರಿಸಿದ್ದರಂತೆ.

ರೆಡ್ ಅಬಿಯಿಂದ ಡಗ್ಲಸ್ ಸ್ಟ್ರೀಟಿನ ನ್ಯಾನೋ ನೇಗಲ್ ಪ್ಲೇಸ್‌ಗೆ ಕೆಲವೇ ನಿಮಿಷಗಳ ದಾರಿ. ಶಾಲೆಯ ಸಂಬಂಧವುಳ್ಳವರು ಇದನ್ನು ಬಿಡಬಾರದು. ಹದಿನೆಂಟನೆಯ ಶತಮಾನದ ಐರ್ಲೆಂಡಿನಲ್ಲಿ ಕ್ಯಾಥೊಲಿಕರು ಶಾಲೆ ನಡೆಸುವುದು ಕಾನೂನಿಗೆ ವಿರುದ್ಧವಾಗಿತ್ತು. ಶ್ರೀಮಂತ ಮನೆತನದ ನ್ಯಾನೋ ನೇಗಲ್ (1718-1784) ಎಂಬ ಮಹಿಳೆ 1750ರ ದಶಕದಲ್ಲಿ ಬಡಮಕ್ಕಳಿಗಾಗಿ ಗುಟ್ಟಾಗಿ ಶಾಲೆ ತೆರೆದಳು. ಮನೆಯಲ್ಲಿ ಅಣ್ಣತಮ್ಮಂದಿರಿಗೂ ತಿಳಿಸಿರಲಿಲ್ಲ. ಒಂದು ದಿನ ಬಡವನೊಬ್ಬ ಬಂದು, ತನ್ನ ಮಗುವನ್ನೂ ನಿಮ್ಮ ಅಕ್ಕನವರ ಶಾಲೆಗೆ ಸೇರಿಸಿಕೊಳ್ಳುವಂತೆ ಹೇಳಿ ಎಂದು ಸಹೋದರನನ್ನೇ ಬೇಡಿಕೊಂಡಾಗ ಗುಟ್ಟು ರಟ್ಟಾಯಿತು. ಆತ ಮೊದಲು ಕೆಂಡಾಮಂಡಲವಾದರೂ ಆಮೇಲೆ ಒಪ್ಪಿಕೊಂಡ. ಕೆಲವೇ ವರ್ಷಗಳಲ್ಲಿ ಶಾಲೆಗಳು ಏಳಾದವು. ರಾತ್ರಿ ಲಾಟೀನು ಹಿಡಿದು ಬಡವರ ಗಲ್ಲಿಗಳಲ್ಲಿ ತಿರುಗುತ್ತಿದ್ದ ಈಕೆ 1775ರಲ್ಲಿ ಕಟ್ಟಿದ ಸನ್ಯಾಸಿನಿಯರ ಸಂಘವೇ ಮುಂದೆ 'ಪ್ರೆಸೆಂಟೇಷನ್' ಎಂಬ ಹೆಸರು ಪಡೆಯಿತು. 1842ರಲ್ಲಿ ಮದ್ರಾಸಿಗೆ ಬಂದು ಶಾಲೆ ತೆರೆದವರು ಇದೇ ಸಂಘದವರು. ಆಕೆಯ ಸಮಾಧಿ, ಉದ್ಯಾನ, ಚಿಕ್ಕ ಮ್ಯೂಸಿಯಮ್ ಎಲ್ಲವೂ ಒಂದೇ ಆವರಣದಲ್ಲಿವೆ. ಸಾರ್ವಜನಿಕರಿಗೆ ಇದು 2017ರಲ್ಲಿ ತೆರೆಯಿತು.

ನಗರದ ಪಶ್ಚಿಮದ ತುದಿಯಲ್ಲಿ ಯೂನಿವರ್ಸಿಟಿ ಕಾಲೇಜ್ ಕಾರ್ಕ್. 1849ರಲ್ಲಿ ಕ್ವೀನ್ಸ್ ಕಾಲೇಜ್ ಎಂದು ಆರಂಭವಾದ ಸಂಸ್ಥೆ. ಸುಣ್ಣಕಲ್ಲಿನ ಕಟ್ಟಡಗಳ ನಡುವೆ ಚೌಕಾಕಾರದ ಹುಲ್ಲಿನಂಗಳವಿದೆ. ಅದನ್ನು ಅಡ್ಡ ಹಾಯ್ದರೆ ಪರೀಕ್ಷೆಯಲ್ಲಿ ಫೇಲಾಗುತ್ತಾರೆಂದು ವಿದ್ಯಾರ್ಥಿಗಳು ಸುತ್ತು ಬಳಸಿ ನಡೆಯುತ್ತಾರೆ. ತರ್ಕಶಾಸ್ತ್ರಕ್ಕೆ ಹೆಸರಾದ ಕಾಲೇಜಿನಲ್ಲಿ ಇಂಥ ನಂಬಿಕೆ! ಅಂಗಳದ ಪಕ್ಕದ ಪಡಸಾಲೆಯಲ್ಲಿ ಓಗಮ್ ಶಿಲೆಗಳನ್ನು ಸಾಲಾಗಿ ನಿಲ್ಲಿಸಿದ್ದಾರೆ. ಐರ್ಲೆಂಡಿನಲ್ಲಿ ಸಾರ್ವಜನಿಕರು ನೋಡಬಹುದಾದ ಓಗಮ್ ಸಂಗ್ರಹಗಳಲ್ಲಿ ಇದೇ ದೊಡ್ಡದು. ಓಗಮ್ ಎಂದರೆ ಐರಿಷ್ ಭಾಷೆಯ ಅತಿ ಹಳೆಯ ಲಿಪಿ. ಅದರಲ್ಲಿ ವಕ್ರರೇಖೆಯೇ ಇಲ್ಲ. ಕಲ್ಲಿನ ಅಂಚೇ ನಡುಗೆರೆ. ಅಂಚಿನ ಎಡಕ್ಕೋ ಬಲಕ್ಕೋ ಅಡ್ಡಕ್ಕೋ ಒಂದರಿಂದ ಐದರವರೆಗೆ ಗೀಟು ಕೊರೆದರೆ ಒಂದೊಂದು ಅಕ್ಷರ. ಕೆಳಗಿನಿಂದ ಮೇಲಕ್ಕೆ ಓದಬೇಕು. ಹೆಚ್ಚಿನ ಶಿಲೆಗಳು ಹೇಳುವುದು ಇಂಥವನು ಇಂಥವನ ಮಗ ಎಂಬಷ್ಟನ್ನೇ. ಸಾವಿರದೈನೂರು ವರ್ಷಗಳ ಹಿಂದಿನ ಈ ಹೆಸರುಗಳನ್ನು ಬೆರಳಳತೆಯ ದೂರದಿಂದ ನೋಡಬಹುದು. ಇದೇ ಕಾಲೇಜಿನ ಮಾಡಿನ ತುದಿಯಲ್ಲಿದ್ದ ವಿಕ್ಟೋರಿಯಾ ರಾಣಿಯ ಪ್ರತಿಮೆಯನ್ನು 1934ರಲ್ಲಿ ಇಳಿಸಿ, ಮುಂದೆ ತೋಟದಲ್ಲಿ ಹೂತುಬಿಟ್ಟಿದ್ದರು. ಐರ್ಲೆಂಡ್ ಸ್ವತಂತ್ರವಾಗಿತ್ತು, ರಾಣಿಯನ್ನು ಏನು ಮಾಡುವುದೆಂದು ತೋಚಿರಲಿಲ್ಲ. 1990ರ ದಶಕದಲ್ಲಿ ಮತ್ತೆ ಅಗೆದು ತೆಗೆದು ಪ್ರದರ್ಶನಕ್ಕಿಟ್ಟರು. ಆವರಣದಲ್ಲೇ 1880ರ ಕ್ರಾಫರ್ಡ್ ವೀಕ್ಷಣಾಲಯವಿದೆ. ಇದರ ಉಪಕರಣಗಳನ್ನು ಮಾಡಿದವನು ಡಬ್ಲಿನ್ನಿನ ಹೊವಾರ್ಡ್ ಗ್ರಬ್. ಹೈದರಾಬಾದಿನ ನಿಜಾಮಿಯಾ ವೀಕ್ಷಣಾಲಯದ 15 ಅಂಗುಲದ ದೂರದರ್ಶಕವೂ ಗ್ರಬ್ ಕಾರ್ಖಾನೆಯದೇ.

ಈ ಕಾಲೇಜಿನ ಮೊದಲ ಗಣಿತ ಪ್ರಾಧ್ಯಾಪಕ ಜಾರ್ಜ್ ಬೂಲ್. 1815ರಲ್ಲಿ ಇಂಗ್ಲೆಂಡಿನ ಲಿಂಕನ್ ಊರಿನಲ್ಲಿ ಚಮ್ಮಾರನ ಮಗನಾಗಿ ಹುಟ್ಟಿದವನು. ವಿಶ್ವವಿದ್ಯಾನಿಲಯದ ಮೆಟ್ಟಿಲು ಹತ್ತಿರಲಿಲ್ಲ, ಪದವಿ ಇರಲಿಲ್ಲ. ಹದಿನಾರರ ವಯಸ್ಸಿಗೆ ಶಾಲಾಮಾಸ್ತರನಾಗಿ ಮನೆ ಹೊರೆ ಹೊತ್ತು, ಉಳಿದ ಹೊತ್ತಿನಲ್ಲಿ ಭಾಷೆಗಳನ್ನೂ ಗಣಿತವನ್ನೂ ತಾನೇ ಓದಿಕೊಂಡ. ಅಂಥವನನ್ನು 1849ರಲ್ಲಿ ಪ್ರಾಧ್ಯಾಪಕನನ್ನಾಗಿ ಆರಿಸಿದ್ದು ಕಾರ್ಕಿನ ಹೊಸ ಕಾಲೇಜಿನ ಹೆಗ್ಗಳಿಕೆ. ಕಾಲೇಜಿನಿಂದ ನಗರದತ್ತ ಬರುವಾಗ ಲೀ ನದಿಯ ದಂಡೆಯಲ್ಲಿ ಸಿಗುವ ಗ್ರೆನ್ವಿಲ್ ಪ್ಲೇಸಿನ 5ನೆಯ ನಂಬರಿನ ಮನೆಯಲ್ಲಿ ಅವನು ಬಾಡಿಗೆಗಿದ್ದ. 'ಚಿಂತನೆಯ ನಿಯಮಗಳು' ಎಂಬ ಅರ್ಥದ ಹೆಸರಿನ ಅವನ ಗ್ರಂಥ 1854ರಲ್ಲಿ ಪ್ರಕಟವಾದಾಗ ಅವನ ವಾಸ ಇಲ್ಲಿಯೇ.

ಅವನ ವಿಚಾರದ ತಿರುಳು ಸರಳ. 'ಕ' ಎಂದರೆ ಬಿಳಿಯ ವಸ್ತುಗಳು ಎಂದಿಟ್ಟುಕೊಳ್ಳಿ. ಬಿಳಿಯವುಗಳಲ್ಲಿ ಬಿಳಿಯವನ್ನು ಆರಿಸಿದರೆ ಸಿಗುವುದು ಮತ್ತೆ ಅವೇ. ಹಾಗಾಗಿ ಕ × ಕ = ಕ. ಅಂಕಗಣಿತದಲ್ಲಿ ಈ ಮಾತಿಗೆ ಒಪ್ಪುವ ಸಂಖ್ಯೆಗಳು ಎರಡೇ: 0 ಮತ್ತು 1. ಇಷ್ಟರಿಂದಲೇ ಹೌದು-ಅಲ್ಲಗಳ, 'ಮತ್ತು'-'ಅಥವಾ'ಗಳ ಒಂದು ಬೀಜಗಣಿತವನ್ನು ಬೂಲ್ ಕಟ್ಟಿದ. ಅವನ ಕಾಲದಲ್ಲಿ ಇದರಿಂದ ಮೂರು ಕಾಸಿನ ಪ್ರಯೋಜನವೂ ಕಾಣಿಸಿರಲಿಲ್ಲ. 1937ರಲ್ಲಿ ಅಮೆರಿಕದ ವಿದ್ಯಾರ್ಥಿ ಕ್ಲಾಡ್ ಷಾನನ್, ವಿದ್ಯುತ್ ಸ್ವಿಚ್ಚುಗಳು ಇದೇ ಬೀಜಗಣಿತವನ್ನು ಪಾಲಿಸುತ್ತವೆಂದು ತೋರಿಸಿದ. ಎರಡು ಸ್ವಿಚ್ಚುಗಳನ್ನು ಒಂದರ ಹಿಂದೊಂದು ಜೋಡಿಸಿದರೆ ಎರಡನ್ನೂ ಒತ್ತಿದಾಗ ಮಾತ್ರ ದೀಪ ಉರಿಯುತ್ತದೆ. ಅದು ಬೂಲ್‌ನ 'ಮತ್ತು'. ಅಕ್ಕಪಕ್ಕದ ಎರಡು ದಾರಿಗಳಲ್ಲಿ ಜೋಡಿಸಿದರೆ ಯಾವುದೊಂದನ್ನು ಒತ್ತಿದರೂ ಸಾಕು. ಅದು 'ಅಥವಾ'. ಜೇಬಿನಲ್ಲಿರುವ ಮೊಬೈಲಿನೊಳಗೆ ನಡೆಯುವುದು ಇದೇ ಕೆಲಸ, ಕೋಟ್ಯಂತರ ಸ್ವಿಚ್ಚುಗಳಲ್ಲಿ.

ಇಂಥ ಮನೆ ವರ್ಷಗಟ್ಟಲೆ ಪಾಳುಬಿದ್ದಿತ್ತು ಎಂದರೆ ನಂಬುವುದು ಕಷ್ಟ. 2009ರ ನವೆಂಬರಿನ ಭಾರಿ ಪ್ರವಾಹದಲ್ಲಿ ಇದೇ ಗ್ರೆನ್ವಿಲ್ ಪ್ಲೇಸಿನ ನದಿಗೋಡೆ ಕುಸಿದು ನೀರು ನುಗ್ಗಿತು. ಬೂಲ್ ಹುಟ್ಟಿ ಇನ್ನೂರು ವರ್ಷ ತುಂಬಿದ 2015ರಲ್ಲಿ ವಿಶ್ವವಿದ್ಯಾನಿಲಯ ವರ್ಷವಿಡೀ ಉತ್ಸವ ಮಾಡಿತು. ಮನೆಯ ಜೀರ್ಣೋದ್ಧಾರ ಮುಗಿದದ್ದು 2017ರಲ್ಲಿ.

ಬೂಲ್‌ನ ಸಂಸಾರಕ್ಕೆ ಭಾರತದ ನಂಟೂ ಇದೆ. 1855ರಲ್ಲಿ ಅವನು ಮದುವೆಯಾದ ಮೇರಿ ಎವರೆಸ್ಟ್, ಭಾರತದ ಸರ್ವೇಯರ್ ಜನರಲ್ ಆಗಿದ್ದ ಜಾರ್ಜ್ ಎವರೆಸ್ಟನ ಅಣ್ಣತಮ್ಮಂದಿರ ಪೈಕಿ ಒಬ್ಬನ ಮಗಳು. ವಿಲಿಯಂ ಲ್ಯಾಂಬ್ಟನ್ 1802ರಲ್ಲಿ ಮದ್ರಾಸಿನಲ್ಲಿ ಆರಂಭಿಸಿ, ಮೈಸೂರು ಸೀಮೆಯ ಬೆಟ್ಟಗಳನ್ನು ಹಾಯ್ದು ಮಂಗಳೂರಿನವರೆಗೆ ತ್ರಿಕೋನಗಳ ಸರಪಳಿ ಹೆಣೆದ ಮಹಾಮೋಜಣಿಯನ್ನು ಹಿಮಾಲಯದ ತಪ್ಪಲಿಗೆ ಮುಟ್ಟಿಸಿದವನು ಈ ಎವರೆಸ್ಟ್. ತನ್ನ ದೊಡ್ಡಪ್ಪನ ಮೂಲಕ ಭಾರತೀಯ ಚಿಂತನೆ ಬೂಲ್ ಮತ್ತು ಅವನ ಸಮಕಾಲೀನ ಗಣಿತಜ್ಞರನ್ನು ಮುಟ್ಟಿತೆಂದು ಮೇರಿ 1901ರಲ್ಲಿ ಜಗದೀಶಚಂದ್ರ ಬೋಸರಿಗೆ ಬರೆದ ಬಹಿರಂಗ ಪತ್ರದಲ್ಲಿ ವಾದಿಸಿದ್ದಾಳೆ. ಭಾರತೀಯರಿಗೆ ಕೇಳಲು ಹಿತವಾದ ಮಾತು. ಆದರೆ ಬೂಲ್‌ನ ಗ್ರಂಥ ಚರ್ಚಿಸುವುದು ಅರಿಸ್ಟಾಟಲ್, ಸ್ಪಿನೋಜಾ ಮೊದಲಾದವರನ್ನು. ಹೆಂಡತಿಯ ಮಾತನ್ನು ಅವಳ ಅಭಿಪ್ರಾಯವೆಂದು ಇಟ್ಟುಕೊಳ್ಳುವುದೇ ಸರಿ. ಮೇರಿಯೂ ಸಾಮಾನ್ಯಳಲ್ಲ. ರಟ್ಟಿನ ತೂತುಗಳಲ್ಲಿ ನೇರ ದಾರ ಪೋಣಿಸಿ ವಕ್ರರೇಖೆ ಮೂಡಿಸುವ ಆಟವನ್ನು ಮಕ್ಕಳ ಜ್ಯಾಮಿತಿಗೆ ತಂದವಳು ಅವಳೇ. ಐವರು ಹೆಣ್ಣುಮಕ್ಕಳಲ್ಲಿ ಒಬ್ಬಳು ನಾಲ್ಕು ಆಯಾಮಗಳ ಜ್ಯಾಮಿತಿಯಲ್ಲಿ, ಒಬ್ಬಳು ರಸಾಯನಶಾಸ್ತ್ರದಲ್ಲಿ, ಒಬ್ಬಳು ಕಾದಂಬರಿಯಲ್ಲಿ ಹೆಸರು ಮಾಡಿದರು. ಕೃತಕ ಬುದ್ಧಿಮತ್ತೆಯ ಕೆಲಸಕ್ಕಾಗಿ 2024ರ ಭೌತವಿಜ್ಞಾನದ ನೊಬೆಲ್ ಹಂಚಿಕೊಂಡ ಜೆಫ್ರಿ ಹಿಂಟನ್ ಇದೇ ದಂಪತಿಗಳ ಮರಿಮಗನ ಮಗ.

ಮದುವೆಯ ನಂತರ ಬೂಲ್ ಊರಾಚೆ ವಾಸ ಬದಲಿಸಿ, ಕೊನೆಗೆ ಪೂರ್ವದ ಬ್ಯಾಲಿಂಟೆಂಪಲ್‌ನಲ್ಲಿ ನೆಲೆಸಿದ. 1864ರ ನವೆಂಬರಿನಲ್ಲಿ ಒಂದು ದಿನ ಸುಮಾರು ಮೂರು ಮೈಲಿ ಮಳೆಯಲ್ಲಿ ನಡೆದು ಕಾಲೇಜಿಗೆ ಬಂದು, ಒದ್ದೆ ಬಟ್ಟೆಯಲ್ಲೇ ಪಾಠ ಮುಗಿಸಿ, ಜ್ವರ ಹಿಡಿದು ಮಲಗಿದ. ರೋಗಕ್ಕೆ ಕಾರಣವಾದುದೇ ಮದ್ದೆಂದು ನಂಬಿದ್ದ ಮೇರಿ ಅವನಿಗೆ ಒದ್ದೆ ಬಟ್ಟೆ ಸುತ್ತಿದಳೆಂದು ಹೇಳುತ್ತಾರೆ. ಡಿಸೆಂಬರ್ 8ರಂದು ತೀರಿಕೊಂಡಾಗ ಅವನಿಗೆ 49 ವರ್ಷ, ಕೊನೆಯ ಮಗಳಿಗೆ ಏಳು ತಿಂಗಳು. ಬ್ಲ್ಯಾಕ್‌ರಾಕ್‌ನ ಸೇಂಟ್ ಮೈಕೇಲ್ಸ್ ಚರ್ಚಿನ ಆವರಣದಲ್ಲಿ ಅವನ ಸಮಾಧಿ ಇದೆ. ಅದೇ ಬಡಾವಣೆಯಲ್ಲಿ ನದಿಗೆ ಚಾಚಿಕೊಂಡಿರುವ ಬ್ಲ್ಯಾಕ್‌ರಾಕ್ ಕೋಟೆಯಲ್ಲಿ 2007ರಿಂದ ಖಗೋಳ ವಿಜ್ಞಾನ ಕೇಂದ್ರ ನಡೆಯುತ್ತಿದೆ. ಎರಡನ್ನೂ ಒಂದೇ ಮಧ್ಯಾಹ್ನದಲ್ಲಿ ನೋಡಿ ಬರಬಹುದು.

ಡಬ್ಲಿನ್‌ನಿಂದ ಕಾರ್ಕ್‌ಗೆ ರೈಲಿನಲ್ಲಿ ಸುಮಾರು ಎರಡೂವರೆ ಗಂಟೆ. ಐರ್ಲೆಂಡ್ ಷೆಂಗೆನ್ ಒಪ್ಪಂದದಲ್ಲಿ ಇಲ್ಲವಾದ್ದರಿಂದ ಯುರೋಪಿನ ವೀಸಾ ಇಲ್ಲಿಗೆ ನಡೆಯದು. ಬೆಣ್ಣೆಯ ಮ್ಯೂಸಿಯಮ್ ಚಳಿಗಾಲದಲ್ಲಿ ಮುಚ್ಚಿರುತ್ತದೆ, ಬೇಸಿಗೆಯಲ್ಲಿ ಹೋಗುವುದು ಮೇಲು. ಆಗಲೂ ಕೊಡೆ ಜೊತೆಯಲ್ಲಿರಲಿ.